ಸುಗ್ಗಿಯ ಕುಣಿತವೂ ಕಾಮದಹನದ ಕಥೆಯೂ

ಹರಿಹರ ಮಹಾಕವಿಯ ಗಿರಿಜಾಕಲ್ಯಾಣವನ್ನು ಕೇಳಿದ ಭಕ್ತರಿಗೆ ಕಾಮದಹನದ ಪ್ರಸಂಗವು ವಿದಿತವೇ ಆಗಿದೆ. ಫಾಲ್ಗುಣ ಶುದ್ಧ ಪೌರ್ಣಿಮೆಯ ಹೋಳಿಯು ಆ ಪ್ರಸಂಗದಿಂದಲೇ ಹುಟ್ಟಿತೆಂಬುದು ಸಾಮಾನ್ಯವಾದ ನಂಬುಗೆ. ಆದರೆ ಉತ್ತರ ಕನ್ನಡದ ಹಾಲಕ್ಕಿ ಒಕ್ಕಲಿಗರ ಸುಗ್ಗಿಯ ಕುಣಿತವನ್ನು ಪರಾಮರ್ಶಿಸಿದರೆ, ಹಬ್ಬವು ಕಥೆಗಿಂತ ಹಳೆಯದೆಂದು ತೋರುವುದು.

ಅಂಕೋಲೆ, ಕುಮಟೆಗಳ ಸೀಮೆಯಲ್ಲಿ ಹಾಲಕ್ಕಿಗಳ ಕೊಪ್ಪಗಳಿವೆ. ಗೌಡ, ಬುಧವಂತ, ಕೋಲಕಾರರೆಂಬ ಹಿರಿಯರ ಕಟ್ಟಳೆಯಲ್ಲಿ ನಡೆದುಬಂದ ಈ ಜನರು ಹುಣ್ಣಿಮೆಗೆ ಮುಂಚೆಯೇ ತಂಡಗಟ್ಟಿ ಹೊರಡುವರು. ಕುಣಿಯುವವರು ಗಂಡಸರು ಮಾತ್ರ. ತಲೆಯ ಮೇಲೆ ತುರಾಯಿ. ಬೆಂಡಿನ ಹೂವು, ಹಕ್ಕಿ, ಬಣ್ಣದ ಕಾಗದಗಳಿಂದ ಕಟ್ಟಿದ ಆ ಭಾರವು ನಡೆದಾಡುವ ಹೂದೋಟದಂತಿರುವುದು. ಕೈಯಲ್ಲಿ ಕೋಲು, ನವಿಲುಗರಿಯ ಕುಂಚ. ಮೇಳಕ್ಕೆ ಮಣ್ಣಿನ ಗುಮಟೆ, ಜಾಗಟೆ. ಅಂಗಳದಿಂದ ಅಂಗಳಕ್ಕೆ ಕುಣಿದು, ಕಾಣಿಕೆ ಪಡೆದು, ಕಾಮನನ್ನು ಸುಡುವುದರೊಡನೆ ಮುಗಿಸುವರು. ಸುಡುವುದು ಕಡೆಯ ಅಂಗ. ಹೂವು, ಹಕ್ಕಿ, ಬೆಳೆಗಳ ಸಂಭ್ರಮವೇ ಉಳಿದ ದಿನಗಳನ್ನೆಲ್ಲ ತುಂಬಿರುವುದು. ಮನ್ಮಥನು ಬೂದಿಯಾದ ಕಥೆಯು ಈ ತುರಾಯಿಗೆ ಕಾರಣವನ್ನು ಹೇಳಲಾರದು.

ಸುಗ್ಗಿಯೆಂಬ ಮಾತಿಗೆ ಕೊಯ್ಲಿನ ಕಾಲವೆಂದೂ ವಸಂತವೆಂದೂ ಎರಡರ್ಥ. ನೆರೆಯ ಗೋವೆಯವರು ಇದೇ ಕಾಲದ ಹಬ್ಬವನ್ನು ಶಿಗ್ಮೊ ಎನ್ನುವರು. ಏಳನೆಯ ಶತಮಾನದ ಹರ್ಷನ ರತ್ನಾವಳಿಯಲ್ಲಿ ಕೌಶಾಂಬಿಯ ಪುರಜನರು ಕುಣಿದು ಬಣ್ಣದ ಪುಡಿಯನ್ನೆರಚುವ ವಸಂತೋತ್ಸವವಿದೆ. ಅಲ್ಲಿ ಕಾಮನಿಗೆ ಪೂಜೆಯುಂಟು, ದಹನವಿಲ್ಲ. ಅದಕ್ಕೂ ಹಿಂದಿನ ಶಬರನ ಮೀಮಾಂಸಾಭಾಷ್ಯದಲ್ಲಿ ಹೋಲಾಕೆಯೆಂಬ ಆಚರಣೆಯ ವಿಚಾರವು ಬಂದಿದೆ. ಪೂರ್ವದೇಶದವರು ಮಾಡುವ ಈ ಆಚಾರಕ್ಕೆ ಕಾಣುವ ವೇದವಾಕ್ಯವಿಲ್ಲ. ಹಾಗಾದರೆ ಇದು ಅವರಿಗೊಬ್ಬರಿಗೋ, ಎಲ್ಲರಿಗೋ? ಲುಪ್ತವಾದ ಶ್ರುತಿಯೊಂದನ್ನು ಊಹಿಸಿ, ಎಲ್ಲರಿಗೂ ಸಲ್ಲುವುದೆಂದು ಮೀಮಾಂಸಕರು ನಿರ್ಣಯಿಸಿದರು. ಗುಮಟೆ ಬಾರಿಸುವವನು ಆ ಊಹೆಗಾಗಿ ಕಾದು ಕುಳಿತಿರಲಿಲ್ಲವೆಂಬುದು ಬೇರೆ ಮಾತು!

ಶಾಸ್ತ್ರಕ್ಕೂ ಪುರಾಣಕ್ಕೂ ಮೊದಲೇ ಒಕ್ಕಲುಮಕ್ಕಳಲ್ಲಿ ಇಂಥದೊಂದು ಕುಣಿತವಿದ್ದು, ಶಿವಕಥೆಯು ಅದನ್ನು ಅನಂತರ ತನ್ನೊಳಗೆ ತೆಗೆದುಕೊಂಡಿತೆನ್ನುವುದೇ ಯುಕ್ತ. ಇದರಿಂದ ಹರಿಹರನ ಕಾವ್ಯಕ್ಕೆ ಊನವೇನೂ ಬಾರದು. ರತಿಯ ಶೋಕವನ್ನೂ ಗಿರಿಜೆಯ ತಪಸ್ಸನ್ನೂ ಆತನು ಹೇಳಿದ ಬಗೆಗೆ ಹಬ್ಬದ ಪ್ರಾಚೀನತೆಯು ಬಾಧಕವಲ್ಲ. ಇದನ್ನು ಅನಾಗರಿಕರ ಆಟವೆಂದು ಹಳಿಯುವವರು ಮಾತ್ರ, ತಮ್ಮ ಹೋಳಿಯ ಬೇರು ಎಲ್ಲಿದೆಯೆಂಬುದನ್ನು ನೋಡಿಕೊಳ್ಳಲಿ.

ಗಿರಿಜಾಕಲ್ಯಾಣವು ಓಲೆಗರಿಗಳಲ್ಲಿ ಪ್ರತಿಯಾಗುತ್ತ ಉಳಿದುಬಂದಿತು. ಹಾಲಕ್ಕಿಗಳ ಹಾಡಿಗೆ ಕಂಠವೇ ಓಲೆ. ಆ ಹಾಡುಗಳ ಭಂಡಾರವೆನಿಸಿ 2017ರಲ್ಲಿ ಪದ್ಮಶ್ರೀ ಪಡೆದ ಅಂಕೋಲೆಯ ಸುಕ್ರಿ ಬೊಮ್ಮಗೌಡರು 2025ರ ಫೆಬ್ರವರಿಯಲ್ಲಿ, ಆ ವರ್ಷದ ಸುಗ್ಗಿಯ ಹುಣ್ಣಿಮೆಗೆ ಒಂದು ತಿಂಗಳ ಮೊದಲು, ಕಾಲವಾದರು.