ಭಂಗಿ, ಕಾನೂನು ಮತ್ತು ಒಂದು ಕೂದಲು

ಭಂಗಿ ಕುಡಿದರೆ ಕೂದಲ ಪರೀಕ್ಷೆಯಲ್ಲಿ ಸಿಕ್ಕಿಬೀಳ್ತೀವಾ? ಬೀದರ್, ಭಾಲ್ಕಿ, ಔರಾದ್ ಕಡೆಯಿಂದ ಕೆಲಸಕ್ಕೆ ಹೊರಟವರಿಗೆ ಈ ಪ್ರಶ್ನೆ ತಮಾಷೆಯಲ್ಲ.

ಬೀದರ್ ನಿಜಾಮರ ಕೈಲಿದ್ದ ಕಾಲದಲ್ಲೇ, 1893ರಲ್ಲಿ, ಬ್ರಿಟಿಷರು ನೇಮಿಸಿದ ಹೆಂಪ್ ಡ್ರಗ್ಸ್ ಕಮಿಷನ್ ಭಂಗಿ, ಗಾಂಜಾ, ಚರಸ್ಸುಗಳನ್ನು ಬೇರೆಬೇರೆಯಾಗಿ ನೋಡಿತ್ತು. 1985ರ ಎನ್‌ಡಿಪಿಎಸ್ ಕಾಯ್ದೆ ಹೂತುದಿಯನ್ನು ಗಾಂಜಾ ಎಂದಿತು, ಬರೀ ಎಲೆಯನ್ನು ಬಿಟ್ಟಿತು. 2022ರಲ್ಲಿ ಕರ್ನಾಟಕ ಹೈಕೋರ್ಟ್, ಒಂದು ಜಾಮೀನು ಆದೇಶದಲ್ಲಿ, ಭಂಗಿ ಆ ಕಾಯ್ದೆಯಡಿ ಬರೋದಿಲ್ಲ ಎಂದಿತು.

ಆದ್ರೆ ಕೂದಲಿಗೆ ಕಾನೂನು ಗೊತ್ತಿಲ್ಲ ನೋಡಿ! ಎಲೆಯಾಗಲಿ ಹೂವಾಗಲಿ, ಟಿಎಚ್‌ಸಿ ಒಂದೇ. ದೇಹ ಅದನ್ನು ಅರಗಿಸಿದ ಗುರುತು ಕೂದಲಲ್ಲಿ ಉಳಿಯುತ್ತೆ. ತಿಂಗಳಿಗೆ ಸುಮಾರು 1 ಸೆಂ.ಮೀ. ಬೆಳೆಯೋದರಿಂದ, ಬುಡದ ನಾಲ್ಕು ಸೆಂ.ಮೀ. ಅಂದ್ರೆ ಮೂರ್ನಾಲ್ಕು ತಿಂಗಳ ಕತೆ. ಅಪರೂಪಕ್ಕೊಮ್ಮೆ ಕುಡಿದದ್ದು ಸಿಗದೇ ಇರಬಹುದು. ಸಿಕ್ಕರೆ, ನೂರು ವರ್ಷಕ್ಕೂ ಹಳೆಯ ಆ ಭೇದ ವರದಿಯಲ್ಲಿ ಇರೋದಿಲ್ಲ. ನೀವೇನಂತೀರಿ?