ಪದಕ್ಕೂ ಸಾಕ್ಷಿ ಬೇಕು: ದಕ್ಷಿಣ ಬೆಂಗಳೂರಿನಲ್ಲಿ ಪ್ರಾಚೀನ ಪಠ್ಯಗಳ ಅಧ್ಯಯನ

ಬೆಂಗಳೂರಿಗೆ ಆ ಹೆಸರು ಹೇಗೆ ಬಂತು ಎಂದು ಕೇಳಿದರೆ ಹೆಚ್ಚಿನವರು ಬೆಂದಕಾಳೂರಿನ ಕಥೆ ಹೇಳುತ್ತಾರೆ. ಬೇಟೆಗೆ ಹೋಗಿ ದಾರಿತಪ್ಪಿದ ಹೊಯ್ಸಳ ದೊರೆ ವೀರಬಲ್ಲಾಳನಿಗೆ ಮುದುಕಿಯೊಬ್ಬಳು ಬೇಯಿಸಿದ ಕಾಳು ಕೊಟ್ಟಳು, ಅದರಿಂದ ಊರಿಗೆ ಆ ಹೆಸರಾಯಿತು ಎಂಬುದು ಆ ಕಥೆ. ಶಾಲೆಯಲ್ಲಿ ಕೇಳಿದ ಈ ಕಥೆಯನ್ನು ನಾವು ಮಕ್ಕಳಿಗೂ ಹೇಳುತ್ತಾ ಬಂದಿದ್ದೇವೆ. ಆದರೆ ಬಿಟಿಎಂ ಬಡಾವಣೆಯಿಂದ ದಕ್ಷಿಣಕ್ಕೆ ಕೆಲವೇ ಕಿಲೋಮೀಟರ್ ದೂರದ ಬೇಗೂರಿನ ನಾಗೇಶ್ವರ ದೇವಾಲಯದಲ್ಲಿರುವ ಒಂದು ಕಲ್ಲು ಈ ಕಥೆಯನ್ನು ಒಪ್ಪುವುದಿಲ್ಲ.

ಸುಮಾರು ಕ್ರಿ.ಶ. 900ರ ಕಾಲದ್ದೆಂದು ವಿದ್ವಾಂಸರು ಹೇಳುವ ಆ ಶಾಸನದಲ್ಲಿ ‘ಬೆಂಗುಳೂರು’ ಎಂಬ ಹೆಸರಿದೆ. ಅಲ್ಲಿ ನಡೆದ ಕಾಳಗವೊಂದರಲ್ಲಿ ಮಡಿದವರ ನೆನಪನ್ನು ಅದು ದಾಖಲಿಸುತ್ತದೆ. ಇಮ್ಮಡಿ ವೀರಬಲ್ಲಾಳ ಆಳಿದ್ದು 1173ರಿಂದ 1220ರವರೆಗೆ. ಅಂದರೆ ಆತ ಹುಟ್ಟುವುದಕ್ಕೆ ಎರಡು ಶತಮಾನಗಳಿಗೂ ಮೊದಲೇ ಊರಿಗೆ ಆ ಹೆಸರಿತ್ತು. ಹೆಸರಿನ ಅರ್ಥವೇನೆಂದು ಕಲ್ಲು ಹೇಳುವುದಿಲ್ಲ. ಬಲ್ಲಾಳನಿಂದ ಬಂದದ್ದಲ್ಲ ಎಂಬಷ್ಟನ್ನು ಮಾತ್ರ ಖಚಿತವಾಗಿ ಹೇಳುತ್ತದೆ. ಹಳೆಯ ಬರಹವನ್ನು ಅದರ ಕಾಲದ ಭಾಷೆಯಲ್ಲೇ ಓದಿ, ಸಾಕ್ಷಿ ಎಷ್ಟು ಹೇಳುತ್ತದೆಯೋ ಅಷ್ಟನ್ನೇ ಒಪ್ಪುವ ಈ ಶಿಸ್ತಿಗೆ ದೊಡ್ಡ ಇತಿಹಾಸವಿದೆ. ಅದರಲ್ಲಿ ದಕ್ಷಿಣ ಬೆಂಗಳೂರಿಗೂ ನಮ್ಮ ಕರಾವಳಿಗೂ ಪಾಲಿದೆ.

ಯುರೋಪಿನಲ್ಲಿ ಈ ಶಿಸ್ತು

ಹದಿನೈದನೇ ಶತಮಾನದ ಇಟಲಿಯಲ್ಲಿ ಗ್ರೀಕ್ ಮತ್ತು ಲ್ಯಾಟಿನ್ ಹಸ್ತಪ್ರತಿಗಳನ್ನು ಹುಡುಕಿ, ಹೋಲಿಸಿ, ತಿದ್ದುವ ವಿದ್ವಾಂಸರ ಪೀಳಿಗೆಯೊಂದು ಬೆಳೆಯಿತು. ಇವರನ್ನೇ ಮಾನವತಾವಾದಿ ವಿದ್ವಾಂಸರು ಎನ್ನುತ್ತಾರೆ. ಅವರಲ್ಲೊಬ್ಬ ಲೊರೆಂಜೊ ವಲ್ಲಾ. ಚಕ್ರವರ್ತಿ ಕಾನ್‌ಸ್ಟಂಟೈನ್ ಪಶ್ಚಿಮದ ರಾಜ್ಯಾಧಿಕಾರವನ್ನು ಪೋಪರಿಗೆ ದಾನ ಮಾಡಿದನೆಂದು ಹೇಳುವ ಪತ್ರವೊಂದು ಆಗ ಪ್ರಸಿದ್ಧವಾಗಿತ್ತು. ಆ ಪತ್ರದ ಪದಗಳು ನಾಲ್ಕನೇ ಶತಮಾನದ ಲ್ಯಾಟಿನ್‌ಗೆ ಸೇರಿದವಲ್ಲ, ಆದ್ದರಿಂದ ಪತ್ರವೂ ಕಾನ್‌ಸ್ಟಂಟೈನನದ್ದಲ್ಲ ಎಂದು ವಲ್ಲಾ 1440ರಲ್ಲಿ ತೋರಿಸಿಕೊಟ್ಟ. ಗಮನಿಸಬೇಕಾದ ಸಂಗತಿಯೆಂದರೆ, 1448ರಲ್ಲಿ ಪೋಪ್ ಐದನೇ ನಿಕೋಲಸ್ ಅವರೇ ಆತನನ್ನು ತಮ್ಮ ಕಚೇರಿಯ ಲಿಪಿಕಾರನಾಗಿ ನೇಮಿಸಿಕೊಂಡರು. ವಲ್ಲಾ ಹೊಸ ಒಡಂಬಡಿಕೆಯ ಲ್ಯಾಟಿನ್ ಅನುವಾದವನ್ನು ಗ್ರೀಕ್ ಪ್ರತಿಗಳೊಂದಿಗೆ ಹೋಲಿಸಿ ಬರೆದ ಟಿಪ್ಪಣಿಗಳನ್ನು ಎರಾಸ್ಮಸ್ 1505ರಲ್ಲಿ ಮುದ್ರಿಸಿದ. ಮುಂದೆ 1516ರಲ್ಲಿ ಆತನೇ ಗ್ರೀಕ್ ಹೊಸ ಒಡಂಬಡಿಕೆಯನ್ನು ಪ್ರಕಟಿಸಿದ.

ಕನ್ನಡದಲ್ಲಿ ಗ್ರಂಥಸಂಪಾದನೆ

ಕನ್ನಡದಲ್ಲಿ ಇದೇ ಕೆಲಸಕ್ಕೆ ಗ್ರಂಥಸಂಪಾದನೆ ಎನ್ನುತ್ತಾರೆ. ಹಳೆಯ ಕಾವ್ಯಗಳು ನಮಗೆ ದೊರೆತಿರುವುದು ಕವಿ ಬರೆದ ಮೂಲ ಪ್ರತಿಯಲ್ಲಲ್ಲ, ತಲೆಮಾರುಗಳ ಕಾಲ ನಕಲು ಮಾಡಿದ ಓಲೆಗರಿಗಳಲ್ಲಿ. ನಕಲುಗಾರ ದಣಿದಾಗ ಸಾಲು ಬಿಡುತ್ತಾನೆ. ಅರ್ಥವಾಗದ ಪದದ ಜಾಗದಲ್ಲಿ ತನಗೆ ಗೊತ್ತಿರುವ ಪದ ಬರೆಯುತ್ತಾನೆ. ಸಾಲದ್ದಕ್ಕೆ, ಹಳೆಯ ಬರವಣಿಗೆಯಲ್ಲಿ ಎ-ಏ, ಒ-ಓ ಎಂಬ ಹ್ರಸ್ವ ದೀರ್ಘಗಳ ವ್ಯತ್ಯಾಸವನ್ನು ತೋರಿಸುತ್ತಿರಲಿಲ್ಲ. ‘ಕೊಡು’ ಎಂದು ಬರೆದದ್ದು ಕೊಡುವುದೋ, ದನದ ಕೋಡೋ ಎಂಬುದನ್ನು ಸಂದರ್ಭ ಮತ್ತು ಛಂದಸ್ಸು ನೋಡಿ ಸಂಪಾದಕನೇ ನಿರ್ಧರಿಸಬೇಕು. ಸಿಕ್ಕ ಪ್ರತಿಗಳನ್ನೆಲ್ಲ ಹೋಲಿಸಿ, ತಾನು ಆರಿಸಿದ ಪಾಠದ ಜೊತೆಗೆ ಬಿಟ್ಟ ಪಾಠಗಳನ್ನೂ ಅಡಿಟಿಪ್ಪಣಿಯಲ್ಲಿ ಕೊಡುವುದು ಇಲ್ಲಿನ ನಿಯಮ. ತನ್ನ ತೀರ್ಮಾನ ತಪ್ಪಾದರೆ ಮುಂದಿನವರು ತಿದ್ದಲಿ ಎಂಬುದು ಅದರ ಉದ್ದೇಶ. ಈ ಶಾಸ್ತ್ರವನ್ನು ಕನ್ನಡದಲ್ಲಿ ವಿವರವಾಗಿ ಬರೆದವರು ಡಿ.ಎಲ್. ನರಸಿಂಹಾಚಾರ್ (1906-1971).

ಜಯನಗರದ ನಿಘಂಟು ತಜ್ಞ

ಡಿ.ಎಲ್.ಎನ್. ಅವರ ನಂತರ ಕನ್ನಡ ಸಾಹಿತ್ಯ ಪರಿಷತ್ತಿನ ಬೃಹತ್ ನಿಘಂಟಿನ ಪ್ರಧಾನ ಸಂಪಾದಕತ್ವ ವಹಿಸಿಕೊಂಡವರು ಪ್ರೊ. ಜಿ. ವೆಂಕಟಸುಬ್ಬಯ್ಯ. 1913ರ ಆಗಸ್ಟ್ 23ರಂದು ಜನಿಸಿದ ಇವರು ಬೆಂಗಳೂರಿನ ವಿಜಯಾ ಕಾಲೇಜಿನಲ್ಲಿ ಅಧ್ಯಾಪಕರಾಗಿ, ಪ್ರಾಂಶುಪಾಲರಾಗಿ ದುಡಿದರು, ಜಯನಗರದಲ್ಲಿ ನೆಲೆಸಿದ್ದರು. 2021ರ ಏಪ್ರಿಲ್ 19ರಂದು ತಮ್ಮ 107ನೇ ವಯಸ್ಸಿನಲ್ಲಿ ನಿಧನರಾದರು.

ಪರಿಷತ್ತಿನ ನಿಘಂಟು 8 ಸಂಪುಟಗಳದ್ದು, 9000ಕ್ಕೂ ಹೆಚ್ಚು ಪುಟಗಳದ್ದು. ಪದಕ್ಕೆ ಅರ್ಥ ಹೇಳಿ ಮುಗಿಸುವ ನಿಘಂಟು ಇದಲ್ಲ. ಶಾಸನಗಳನ್ನೂ ಕಾವ್ಯಗಳನ್ನೂ ಸಾಲುಸಾಲಾಗಿ ಓದಿ, ಒಂದೊಂದು ಪದವನ್ನೂ ಅದು ಬಂದ ವಾಕ್ಯದೊಂದಿಗೆ ಚೀಟಿಯಲ್ಲಿ ಬರೆದು, ಆ ಚೀಟಿಗಳನ್ನು ಜೋಡಿಸಿ, ಪದ ಯಾವ ಕಾಲದಲ್ಲಿ ಯಾವ ಅರ್ಥದಲ್ಲಿ ಬಳಕೆಯಾಯಿತು ಎಂದು ಪ್ರಯೋಗಸಹಿತ ತೋರಿಸುವ ಕೆಲಸ ಅದು. ಸಂಪಾದಕರ ಹೆಸರು ನಮಗೆ ಗೊತ್ತು. ಚೀಟಿ ಬರೆದವರನ್ನು ಹೆಚ್ಚಿನ ಓದುಗರು ಬಲ್ಲವರಲ್ಲ.

ವೆಂಕಟಸುಬ್ಬಯ್ಯನವರು ಈ ವಿದ್ಯೆಯನ್ನು ವಿದ್ವಾಂಸರ ಕೋಣೆಯಲ್ಲಷ್ಟೇ ಇಟ್ಟುಕೊಳ್ಳಲಿಲ್ಲ. 1991ರಿಂದ ‘ಪ್ರಜಾವಾಣಿ’ಯಲ್ಲಿ ‘ಇಗೋ ಕನ್ನಡ’ ಅಂಕಣದ ಮೂಲಕ ಓದುಗರ ಪ್ರಶ್ನೆಗಳಿಗೆ ವರ್ಷಗಟ್ಟಲೆ ಉತ್ತರಿಸಿದರು. 2011ರಲ್ಲಿ ಬೆಂಗಳೂರಿನಲ್ಲಿ ನಡೆದ 77ನೇ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನದ ಅಧ್ಯಕ್ಷರಾಗಿದ್ದರು. 2017ರಲ್ಲಿ ಪದ್ಮಶ್ರೀ ಪಡೆದರು.

ಕರಾವಳಿಯ ಕೊಡುಗೆ

ಈ ಪರಂಪರೆಯ ಒಂದು ಬೇರು ಮಂಗಳೂರಿನಲ್ಲಿದೆ. ಬಾಸೆಲ್ ಮಿಶನ್ನಿನ ರೆವರೆಂಡ್ ಫರ್ಡಿನಂಡ್ ಕಿಟೆಲ್ ಕೇಶಿರಾಜನ ‘ಶಬ್ದಮಣಿದರ್ಪಣ’ವನ್ನೂ ನಾಗವರ್ಮನ ‘ಛಂದೋಂಬುಧಿ’ಯನ್ನೂ ಸಂಪಾದಿಸಿದರು, ಸುಮಾರು 70,000 ಪದಗಳ ಅವರ ಕನ್ನಡ-ಇಂಗ್ಲಿಷ್ ನಿಘಂಟು 1894ರಲ್ಲಿ ಮಂಗಳೂರಿನಲ್ಲಿ ಮುದ್ರಣಗೊಂಡಿತು. ಅದಕ್ಕೂ ಮೊದಲೇ, 1883ರಲ್ಲಿ, ಇಟಲಿಯಿಂದ ಬಂದ ಯೇಸುಸಭೆಯ ಗುರು ವಂದನೀಯ ಆಂಜೆಲೊ ಮಾಫೆಯಿ ಅವರ ಇಂಗ್ಲಿಷ್-ಕೊಂಕಣಿ ನಿಘಂಟು ಹೊರಬಂದಿತ್ತು. ಕಥೊಲಿಕ್ ಗುರುವಿನ ಆ ಪುಸ್ತಕ ಅಚ್ಚಾದದ್ದು ಪ್ರೊಟೆಸ್ಟೆಂಟರ ಬಾಸೆಲ್ ಮಿಶನ್ ಮುದ್ರಣಾಲಯದಲ್ಲಿ! ಪಂಗಡಗಳ ನಡುವೆ ಬಿರುಸಿನ ವಾದಗಳಿದ್ದ ಆ ಕಾಲದಲ್ಲೂ ನಿಘಂಟಿನ ಕೆಲಸಕ್ಕೆ ಅದು ಅಡ್ಡಿಯಾಗಲಿಲ್ಲ.

ಹಳಗನ್ನಡ ಎಂದೊಡನೆ ಹೆದರುವ ನಮ್ಮವರು ಇನ್ನೊಂದು ಸಂಗತಿ ತಿಳಿಯಬೇಕು. ಇಂದಿನ ಕನ್ನಡದ ಹಕ್ಕಿ, ಹೂ, ಹೊಸ ಎಂಬ ಪದಗಳು ಹಳಗನ್ನಡದಲ್ಲಿ ಪಕ್ಕಿ, ಪೂ, ಪೊಸ ಎಂದಿದ್ದವು. ತುಳು ಬಲ್ಲವರಿಗೆ ಇವು ಹೊಸವೇ? ದಿನವೂ ಆಡುವ ಮಾತು! ‘ಎಣ್ಣೆ’ ಎಂಬ ಪದವನ್ನೇ ನೋಡೋಣ. ಎಳ್ಳಿನ ನೆಯ್ ಎಂಬುದರಿಂದ ಅದು ಬಂದಿದೆ. ನೆಯ್ ಎಂದರೆ ತುಪ್ಪ. ತುಳುವಿನಲ್ಲಿ ಇಂದಿಗೂ ತುಪ್ಪಕ್ಕೆ ನೆಯಿ ಎನ್ನುತ್ತೇವೆ. ಈಗ ತೆಂಗಿನೆಣ್ಣೆ ಎನ್ನುವಾಗ ಅದರೊಳಗೆ ಎಳ್ಳಿದೆ ಎಂಬುದು ಯಾರಿಗೂ ನೆನಪಿಲ್ಲ.

ಈಗ ಉಳಿಯಬೇಕಾದದ್ದು

ಬಿ.ಎಲ್. ರೈಸ್ ಅವರು ಬೆಂಗಳೂರು ಜಿಲ್ಲೆಯ ಶಾಸನಗಳನ್ನು ‘ಎಪಿಗ್ರಾಫಿಯಾ ಕರ್ನಾಟಿಕಾ’ದ 9ನೇ ಸಂಪುಟದಲ್ಲಿ 1905ರಲ್ಲಿ ಪ್ರಕಟಿಸಿದರು. ಆಗ ಹೊಲದ ಬದಿಯಲ್ಲೋ ಕೆರೆಯ ಏರಿಯ ಮೇಲೋ ಇದ್ದ ಕಲ್ಲುಗಳಲ್ಲಿ ಹಲವು, ನಗರ ಬೆಳೆದಂತೆ ಕಾಣೆಯಾಗಿವೆ. ಅಂಥವುಗಳ ವಿಷಯದಲ್ಲಿ ಈಗ ಉಳಿದಿರುವುದು ಪುಸ್ತಕದ ಪುಟ ಮಾತ್ರ. ಉಳಿದ ಕಲ್ಲುಗಳನ್ನು ಮೂರು ಆಯಾಮದ ಸ್ಕ್ಯಾನ್ ಮಾಡಿ ದಾಖಲಿಸುವ ಕೆಲಸವನ್ನು ಮಿಥಿಕ್ ಸೊಸೈಟಿ 2021ರಲ್ಲಿ ಆರಂಭಿಸಿತು. ಆದರೆ ಸ್ಕ್ಯಾನ್ ಅಕ್ಷರವನ್ನು ಉಳಿಸುತ್ತದೆಯೇ ಹೊರತು ಓದುಗನನ್ನು ತಯಾರು ಮಾಡುವುದಿಲ್ಲ. ಓದಲು ಬಲ್ಲವರನ್ನು ಬೆಳೆಸುವ ಕೆಲಸವನ್ನು ಜಯನಗರಕ್ಕೆ ಸಮೀಪದ ಎನ್.ಆರ್. ಕಾಲೊನಿಯ ಬಿ.ಎಂ.ಶ್ರೀ ಸ್ಮಾರಕ ಪ್ರತಿಷ್ಠಾನ ಮಾಡುತ್ತಾ ಬಂದಿದೆ. ಪ್ರೊ. ಎಂ.ವಿ. ಸೀತಾರಾಮಯ್ಯ 1979ರಲ್ಲಿ ಸ್ಥಾಪಿಸಿದ ಈ ಸಂಸ್ಥೆಯಲ್ಲಿ ಹಸ್ತಪ್ರತಿಗಳ ಸಂಗ್ರಹವಿದೆ. ಶಾಸನಶಾಸ್ತ್ರ, ಹಸ್ತಪ್ರತಿಶಾಸ್ತ್ರಗಳ ಪಾಠವೂ ನಡೆದಿದೆ.

ಕೆಲಸಕ್ಕಾಗಿ, ಓದಿಗಾಗಿ ಬನಶಂಕರಿ, ಜೆ.ಪಿ. ನಗರದ ಕಡೆ ನೆಲೆಸಿರುವ ನಮ್ಮ ಕರಾವಳಿಯ ಕುಟುಂಬಗಳು ಒಂದು ಭಾನುವಾರ ಮಕ್ಕಳನ್ನು ಕರೆದುಕೊಂಡು ಬೇಗೂರಿಗೆ ಹೋಗಿ ಆ ಕಲ್ಲನ್ನು ನೋಡಿ ಬರಬಹುದು. ಊರಿನ ಮನೆಯ ಅಟ್ಟದಲ್ಲಿ ಅಜ್ಜ-ಅಜ್ಜಿಯರ ಕಾಲದ ಓಲೆಗರಿ, ಕನ್ನಡ ಲಿಪಿಯ ಕೊಂಕಣಿ ಪ್ರಾರ್ಥನಾ ಪುಸ್ತಕ, ಜಾಗದ ಹಳೆಯ ಕಾಗದಪತ್ರ ಇದ್ದರೆ ಗುಜರಿಗೆ ಹಾಕುವ ಮೊದಲು ಓದಬಲ್ಲವರೊಬ್ಬರಿಗೆ ತೋರಿಸಬಹುದು. ಬೇಗೂರಿನ ಕಲ್ಲನ್ನು ಯಾರೋ ಚಪ್ಪಡಿಯಾಗಿ ಬಳಸಿದ್ದರೆ, ಬಲ್ಲಾಳನ ಕಾಳಿನ ಕಥೆಯನ್ನು ಪರೀಕ್ಷಿಸಲು ಈ ಸಾಕ್ಷಿ ನಮಗೆ ಸಿಗುತ್ತಿರಲಿಲ್ಲ.