ಕಾರ್ನೋ ಮಿತಿಯೂ ‘ವರ್ಗಮೂಲ ಸೂತ್ರ’ವೂ: ಉಷ್ಣ ಎಂಜಿನ್‌ಗಳ ದಕ್ಷತೆಯ ಬಗ್ಗೆ ಒಂದು ಮರುಚಿಂತನೆ

ಸಾದಿ ಕಾರ್ನೋ 1824ರಲ್ಲಿ ಪ್ಯಾರಿಸ್‌ನಲ್ಲಿ ಪ್ರಕಟಿಸಿದ ಕಿರುಗ್ರಂಥದ ತಿರುಳು ಇಷ್ಟು: ಎಂಜಿನ್ನಿನೊಳಗೆ ಉಗಿಯಿರಲಿ, ಗಾಳಿಯಿರಲಿ, ಅದರಿಂದ ಪಡೆಯಬಹುದಾದ ಗರಿಷ್ಠ ಕೆಲಸವನ್ನು ಬಿಸಿ ಮತ್ತು ತಂಪು ಎಂಬ ಎರಡು ನೆಲೆಗಳ ತಾಪಗಳಷ್ಟೇ ನಿರ್ಧರಿಸುತ್ತವೆ. ಉಷ್ಣವು ನಾಶವಾಗದ ದ್ರವವೆಂದು ನಂಬಿಯೂ ಅವನು ಈ ನಿರ್ಣಯಕ್ಕೆ ಬಂದದ್ದು ವಿಜ್ಞಾನ ಚರಿತ್ರೆಯ ಒಂದು ಬೆರಗು. ಆ ನಂಬಿಕೆಯನ್ನು ಕಳಚಿ, ನಿರ್ಣಯವನ್ನು ಉಳಿಸಿಕೊಂಡವನು ಕ್ಲಾಸಿಯಸ್ (1850). ಕೆಲ್ವಿನ್ ಮಾನದಲ್ಲಿ ತಂಪಿನ ತಾಪವನ್ನು ಬಿಸಿಯ ತಾಪದಿಂದ ಭಾಗಿಸಿ, ಬಂದದ್ದನ್ನು ಒಂದರಿಂದ ಕಳೆದರೆ ಸಿಗುವುದೇ ಕಾರ್ನೋ ದಕ್ಷತೆ.

ಈ ಮಿತಿಯನ್ನು ಮುಟ್ಟುವ ಎಂಜಿನ್ ಉಷ್ಣವನ್ನು ಹೀರುವಾಗ ತನ್ನ ಮೂಲದಷ್ಟೇ ಬಿಸಿಯಾಗಿರಬೇಕು. ತಾಪದ ವ್ಯತ್ಯಾಸವೇ ಇಲ್ಲದಿದ್ದರೆ ಉಷ್ಣ ಹರಿಯುವುದು ಹೇಗೆ? ಒಂದು ಆವರ್ತಕ್ಕೆ ಅನಂತ ಕಾಲ ಹಿಡಿಯುತ್ತದೆ; ದಕ್ಷತೆ ಗರಿಷ್ಠ, ಸಾಮರ್ಥ್ಯ ಸೊನ್ನೆ. ವಿದ್ಯುತ್ ಸ್ಥಾವರಕ್ಕೆ ಇದರಿಂದ ಪ್ರಯೋಜನವಿಲ್ಲ.

ಈ ತೊಡಕನ್ನು 1957ರಲ್ಲಿ ನೊವಿಕೊವ್ ಮತ್ತು ಶಂಬದಾಲ್, 1975ರಲ್ಲಿ ಕರ್ಜನ್ ಮತ್ತು ಆಲ್ಬೋರ್ನ್ ಎತ್ತಿಕೊಂಡರು. ಎಂಜಿನ್ನಿನ ಒಳಗು ಆದರ್ಶವೇ ಇರಲಿ; ಉಷ್ಣ ಒಳಬರುವಲ್ಲಿ, ಹೊರಹೋಗುವಲ್ಲಿ ಮಾತ್ರ ತಾಪದ ಇಳಿತವಿರಲಿ; ಗುರಿ ಗರಿಷ್ಠ ಸಾಮರ್ಥ್ಯವಾಗಿರಲಿ. ಆಗ ಕಾರ್ನೋ ಸೂತ್ರದಲ್ಲಿರುವ ಅನುಪಾತದ ಜಾಗಕ್ಕೆ ಅದರ ವರ್ಗಮೂಲ ಬರುತ್ತದೆ. ಕರ್ಜನ್–ಆಲ್ಬೋರ್ನ್ ಇದನ್ನು ಮೂರು ಸ್ಥಾವರಗಳಿಗೆ ಅನ್ವಯಿಸಿದರು. ಇಂಗ್ಲೆಂಡಿನ ವೆಸ್ಟ್ ಥರೊಕ್ ಕಲ್ಲಿದ್ದಲು ಸ್ಥಾವರದ ತಾಪಗಳು 565 ಮತ್ತು 25 ಡಿಗ್ರಿ ಸೆಲ್ಸಿಯಸ್. ಕಾರ್ನೋ ಲೆಕ್ಕದಲ್ಲಿ ದಕ್ಷತೆ ಶೇ. 64, ವರ್ಗಮೂಲ ಸೂತ್ರದಲ್ಲಿ ಶೇ. 40, ವಾಸ್ತವದಲ್ಲಿ ಶೇ. 36. ಇಟಲಿಯ ಲಾರ್ಡೆರೆಲ್ಲೊ ಭೂಶಾಖ ಸ್ಥಾವರದಲ್ಲೂ ಹೊಂದಾಣಿಕೆ ಚೆನ್ನಾಗಿದೆ. ಕೆನಡಾದ ಕ್ಯಾಂಡು ಭಾರಜಲ ಪರಮಾಣು ಸ್ಥಾವರದ ಅಂಕಿ ಮಾತ್ರ ಬೇರೆ ಕತೆ ಹೇಳುತ್ತದೆ: ಸೂತ್ರ ಕೊಡುವುದು ಶೇ. 28, ಸ್ಥಾವರ ಕೊಟ್ಟದ್ದು ಶೇ. 30.

ಇದರಿಂದ ಯಾವ ನಿಯಮವೂ ಮುರಿಯಲಿಲ್ಲ. ವರ್ಗಮೂಲ ಸೂತ್ರ ಹೇಳುವುದು ಗರಿಷ್ಠ ಸಾಮರ್ಥ್ಯದ ಬಿಂದುವಿನಲ್ಲಿನ ದಕ್ಷತೆಯನ್ನೇ ಹೊರತು ದಕ್ಷತೆಯ ಮೇಲ್ಮಿತಿಯನ್ನಲ್ಲ. ಸಾಮರ್ಥ್ಯವನ್ನು ತುಸು ಬಿಟ್ಟುಕೊಟ್ಟರೆ ದಕ್ಷತೆ ಮೇಲೇರುತ್ತದೆ. ಇಂಧನಕ್ಕೆ ದುಡ್ಡು ಕೊಡುವ ಯಾರೂ ಆ ಬಿಂದುವಿನಲ್ಲೇ ನಿಲ್ಲಲಾರರು. ಈ ಸೂತ್ರವನ್ನು ‘ವಾಸ್ತವಿಕ ಕಾರ್ನೋ ಮಿತಿ’ ಎಂದು ಕರೆಯುವುದನ್ನು ನಾನು ಒಪ್ಪುವುದಿಲ್ಲ.

ಇನ್ನೊಂದು ಆಕ್ಷೇಪ ಇದಕ್ಕಿಂತ ಮೂಲಭೂತವಾದದ್ದು. ಕ್ಯಾಂಡು ಮನೆತನಕ್ಕೇ ಸೇರಿದ ಕೈಗಾದ 220 ಮೆಗಾವಾಟ್ ಘಟಕವನ್ನು ನೋಡೋಣ. ರಿಯಾಕ್ಟರಿನಿಂದ ಭಾರಜಲ ಸುಮಾರು 290 ಡಿಗ್ರಿಯಲ್ಲಿ ಹೊರಬಂದು, ಸ್ಟೀಮ್ ಜನರೇಟರಿನ ಸಣ್ಣ ಕೊಳವೆಗಳೊಳಗೆ ಹರಿಯುತ್ತದೆ. ಕೊಳವೆಗಳ ಹೊರಗಿನ ಸಾಧಾರಣ ನೀರು ಸುಮಾರು 250 ಡಿಗ್ರಿಯಲ್ಲಿ ಕುದಿದು ಟರ್ಬೈನಿಗೆ ಹೋಗುತ್ತದೆ. ಕಂಡೆನ್ಸರನ್ನು ತಣಿಸುವುದು ಕದ್ರಾ ಜಲಾಶಯದ ನೀರು. ಅದನ್ನು 30 ಡಿಗ್ರಿ ಎಂದಿಟ್ಟುಕೊಳ್ಳೋಣ. ಬಿಸಿಯ ತಾಪವೆಂದು ಭಾರಜಲದ್ದನ್ನು ಹಿಡಿದರೆ ವರ್ಗಮೂಲ ಸೂತ್ರ ಸುಮಾರು ಶೇ. 27 ಎನ್ನುತ್ತದೆ, ಉಗಿಯದ್ದನ್ನು ಹಿಡಿದರೆ ಶೇ. 24. ಥರ್ಮಾಮೀಟರನ್ನು ಎಲ್ಲಿಟ್ಟೆವು ಎಂಬುದರ ಮೇಲೆ ಉತ್ತರ ಬದಲಾಗುವಾಗ, ಶೇಕಡಾ ಒಂದೆರಡು ಅಂಶಗಳೊಳಗಿನ ಹೊಂದಾಣಿಕೆಯನ್ನು ಪುರಾವೆಯೆಂದು ಪರಿಗಣಿಸಲಾಗದು.

ಆ ನಲವತ್ತು ಡಿಗ್ರಿಗಳ ಅಂತರವನ್ನು ನಿಸರ್ಗ ವಿಧಿಸಿದ್ದಲ್ಲ. ಕೊಳವೆಗಳ ಒಟ್ಟು ಮೇಲ್ಮೈ ಹೆಚ್ಚಿದಷ್ಟೂ ಅದೇ ಉಷ್ಣ ಕಡಿಮೆ ಇಳಿತದಲ್ಲಿ ದಾಟುತ್ತದೆ, ಎಂಜಿನ್ ಕಾರ್ನೋ ಮಿತಿಗೆ ಹತ್ತಿರವಾಗುತ್ತದೆ. ಅಂದರೆ ದಕ್ಷತೆಯನ್ನು ಲೋಹ ಕೊಟ್ಟು ಕೊಳ್ಳಬಹುದು. ಎಷ್ಟು ಕೊಳ್ಳಬೇಕೆಂಬುದು ಇಂಧನದ ಬೆಲೆಗೂ ಲೋಹದ ಬೆಲೆಗೂ ನಡುವಿನ ಲೆಕ್ಕ.

ಈ ಲೆಕ್ಕದಲ್ಲಿ ತಂಪಿನ ಬದಿಗೆ ಸಿಗಬೇಕಾದ ಗಮನ ಸಿಕ್ಕಿಲ್ಲ. ವೆಸ್ಟ್ ಥರೊಕ್‌ನ ತಾಪಗಳಲ್ಲಿ ಬಿಸಿಯನ್ನು 10 ಡಿಗ್ರಿ ಏರಿಸಿದರೆ ಕಾರ್ನೋ ದಕ್ಷತೆ ಹೆಚ್ಚುವುದು ಶೇಕಡಾ 0.4 ಅಂಶ, ತಂಪನ್ನು 10 ಡಿಗ್ರಿ ಇಳಿಸಿದರೆ 1.2 ಅಂಶ. ನದಿಗಿಂತ ತಂಪಾದ ನೆಲೆ ಪುಕ್ಕಟೆಯಾಗಿ ಸಿಗದು, ನಿಜ. ಆದರೆ ಕಂಡೆನ್ಸರಿನ ಕೊಳವೆಗಳಲ್ಲಿ ಪಾಚಿಯೋ ಸುಣ್ಣದ ಪದರವೋ ಕಟ್ಟಿದಾಗ ಉಗಿಗೂ ನದಿಗೂ ನಡುವೆ ಬೆಳೆಯುವ ಒಂದೊಂದು ಡಿಗ್ರಿಯೂ ಬಾಯ್ಲರಿನ ಬಳಿ ಕಳೆದುಕೊಂಡ ಡಿಗ್ರಿಗಿಂತ ಸುಮಾರು ಮೂರು ಪಟ್ಟು ದುಬಾರಿ.